ಲಾಲ್‌ಸಾಬನ ಮಂಗಳವಾರ

ಹೊಸದಾಗಿ ಈ ಕೆಲಸಕ್ಕೆ ಸೇರಿದವರು ನನಗೆ ಫೋನ್ ಮಾಡಿ ಮೊದಲು ಕೇಳುವುದು ಇದನ್ನು: "ಇಂಟರ್ನೆಟ್ ಮಾನದಂಡ ಅಂದರೆ ಏನು ಅಂತ ಹಳ್ಳಿಯಲ್ಲಿ ಹೇಗೆ ಹೇಳುತ್ತಿದ್ದಿರಿ, ಮೇಡಂ?"

ಪೈಪಿನ ಉದಾಹರಣೆ ಕೊಡುತ್ತಿದ್ದೆ ಎನ್ನುತ್ತೇನೆ. ಎರಡೂವರೆ ಇಂಚಿನ ಪೈಪು ಯಾದಗಿರಿಯಲ್ಲಿ ಕೊಂಡಿದ್ದಾಗಲಿ ಸುರಪುರದಲ್ಲಿ ಕೊಂಡಿದ್ದಾಗಲಿ ಒಂದಕ್ಕೊಂದು ಕೂಡುತ್ತದೆ. ಯಾವ ಕಂಪನಿಯದು ಎಂದು ಹೊಲದಲ್ಲಿ ಯಾರೂ ಕೇಳುವುದಿಲ್ಲ. ಪಂಪನ್ನು ಫೋನಿನಿಂದಲೇ ಚಾಲೂ ಮಾಡುವ ಮೊಬೈಲ್ ಸ್ಟಾರ್ಟರ್, ಕಾಲುವೆಯ ನೀರು ಅಳೆಯುವ ಡಬ್ಬಿ, ಊರಿನ ನೀರಿನ ಟಾಕಿ ತುಂಬಿತೆಂದು ತಿಳಿಸುವ ಸೆನ್ಸರ್, ಇವೂ ಹಾಗೆಯೇ ಒಂದರ ಮಾತು ಇನ್ನೊಂದಕ್ಕೆ ತಿಳಿಯುವಂತೆ ಇರಬೇಕು. ಪ್ರತಿ ಡಬ್ಬಿಗೂ ತನ್ನದೇ ವಿಳಾಸ, ಎಲ್ಲಕ್ಕೂ ಒಂದೇ ಭಾಷೆ, ಒಂದೇ ಗಡಿಯಾರ.

ಉತ್ತರ ಚೆನ್ನಾಗಿದೆ. ಇಷ್ಟು ಚೆನ್ನಾಗಿರುವುದಕ್ಕೇ ನನಗೆ ಅದರ ಮೇಲೆ ಅನುಮಾನ. ಮೊದಲ ಸಲ ಈ ಮಾತು ಹೇಳಿದ್ದು ಯಾದಗಿರಿಯ ಸ್ಟೇಷನ್ ರಸ್ತೆಯಲ್ಲಿ, ಸ್ಟಾರ್ಟರ್ ರಿಪೇರಿ ಮಾಡುವ ಒಬ್ಬ ಮೆಕ್ಯಾನಿಕ್ ಮುಂದೆ. ನನ್ನ ನೆನಪಿನಲ್ಲಿ ಅವನು ಮೆಚ್ಚಿ ತಲೆಯಾಡಿಸುತ್ತಾನೆ. ಆದರೆ ಅವನು ಆಡಿದ ಮಾತೂ ನೆನಪಿದೆ, ಅದು ಆ ತಲೆಯಾಟಕ್ಕೆ ಹೊಂದುವುದಿಲ್ಲ.

"ಎಲ್ಲಾ ಕೂಡ್ತಾವಂದ್ರ ನನ್ನ ಅಂಗಡಿಗೆ ಯಾರ್ ಬರ್ತಾರ್ರಿ ಮೇಡಮ್ರ?"

"ಹೊಸಾದು ಜೋಡಸಾಕ ಬರ್ತಾರಲ್ಲ."

"ಅದನ್ನ ಅವ್ರ ಮಗಳು ಮನ್ಯಾಗ ಕುಂತು ಜೋಡಸ್ತಾಳ. ನೀವು ಛೋಲೋ ಮಂದಿ ಅದೀರಿ, ಚಾ ಕುಡ್ದು ಹೋಗ್ರಿ."

ಚಹಾ ಕುಡಿದು ಬಂದೆ. ಅವನು ಕೊನೆಯವರೆಗೂ ನಮ್ಮ ದಾರಿಗೆ ಬರಲಿಲ್ಲ. ಆದರೆ ಅವನ ಗಲ್ಲಾಪೆಟ್ಟಿಗೆಯ ಕೆಳಗಿನ ಖಾನೆಯಲ್ಲಿ ಬೇರೆ ಬೇರೆ ಕಂಪನಿಗಳ ಸತ್ತ ಡಬ್ಬಿಗಳು ತುಂಬಿದ್ದವು. ಒಂದರ ಬಿಡಿಭಾಗ ಇನ್ನೊಂದಕ್ಕೆ ಬಾರದ ಆ ಡಬ್ಬಿಗಳನ್ನೆಲ್ಲ ಅವನು ಒಂದು ಸಲ ನನ್ನ ಮುಂದೆ ಸುರಿದು ಎಣಿಸಿದ್ದ. ಮಾನದಂಡ ಏಕೆ ಬೇಕು ಎಂಬುದಕ್ಕೆ ಅದಕ್ಕಿಂತ ಒಳ್ಳೆಯ ಪಾಠವನ್ನು ನಾನು ಯಾವ ತರಬೇತಿಯಲ್ಲೂ ಕೇಳಿಲ್ಲ.

ನಾನು ಶಹಾಪುರದವಳು. ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ ಆಪರೇಟರ್ ಆಗಿ ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಕೆಲಸ ಶುರು ಮಾಡಿದೆ. ನಡುವೆ ಏನೇನಾಯಿತು, ಯಾವ ವರ್ಷ ಯಾವ ಕುರ್ಚಿ ಸಿಕ್ಕಿತು, ಅದನ್ನು ಬಿಡುತ್ತೇನೆ. ಕೊನೆಯ ಒಂಬತ್ತು ವರ್ಷ ಒಂದು ಸಣ್ಣ ಸಂಸ್ಥೆಯಲ್ಲಿದ್ದೆ. ಯಂತ್ರಗಳನ್ನು ಮಾರುವುದು ನಮ್ಮ ಕೆಲಸವಾಗಿರಲಿಲ್ಲ. ಯಂತ್ರಗಳೆಲ್ಲ ಇಂಟರ್ನೆಟ್ಟಿನ ಒಂದೇ ನಿಯಮಕ್ಕೆ ಒಳಪಡಬೇಕು ಎಂದು ಮಾರುವವರಿಗೂ ಕೊಳ್ಳುವವರಿಗೂ ಒಪ್ಪಿಸುವುದು ನಮ್ಮ ಕೆಲಸ. ಇದನ್ನು ನನ್ನ ಅಕ್ಕನಿಗೆ ಎಷ್ಟು ಸಲ ಹೇಳಿದರೂ "ಅಂದ್ರ ನೀ ಏನೂ ಮಾರಾಂಗಿಲ್ಲ, ಬರೇ ತಿರಗ್ತಿ" ಎನ್ನುತ್ತಿದ್ದಳು. ಸರಿಯಾಗಿಯೇ ಹೇಳುತ್ತಿದ್ದಳು.

ಆ ತಿರುಗಾಟ ಈಗ ಬೇಕೆನಿಸುತ್ತದೆ. ಬೆಳಿಗ್ಗೆ ಏಳರ ಬಸ್ಸಿನಲ್ಲಿ ಎಡಗಡೆ ಕಿಟಕಿ, ಮಡಿಲಲ್ಲಿ ಡಬ್ಬಿಗಳ ಚೀಲ, ಅದರ ಮೇಲೆ ರೊಟ್ಟಿಯ ಬುತ್ತಿ. ಕಂಡಕ್ಟರ್ ಆ ಚೀಲ ನೋಡಿ "ಇವತ್ತ ಯಾವ ಊರಿಗೆ ಬುದ್ಧಿ ಹೇಳಾಕ ಹೊಂಟೀರಿ" ಎಂದು ಕೇಳುತ್ತಿದ್ದ. ಮೊದಲ ವರ್ಷಗಳಲ್ಲಿ ದೊಡ್ಡ ಕಾಗದದ ಮೇಲೆ ಬಣ್ಣದ ಪೆನ್ನಿನಿಂದ ಚಿತ್ರ ಬರೆದು ಗೋಡೆಗೆ ಅಂಟಿಸಿ ಹೇಳುತ್ತಿದ್ದೆವು. ಆಮೇಲೆ ಪ್ರೊಜೆಕ್ಟರ್ ಬಂತು, ಕರೆಂಟು ಇರುತ್ತಿರಲಿಲ್ಲ. ಕೊನೆಗೆ ವಾಟ್ಸಾಪಿನಲ್ಲಿ ಎರಡು ನಿಮಿಷದ ವಿಡಿಯೊ ಕಳಿಸಿ ಮುಗಿಸುವುದಾಯಿತು. ಕಾಗದದ ಕಾಲದಲ್ಲಿ ಜನ ಎದ್ದು ಬಂದು ಚಿತ್ರದ ಮೇಲೆ ಬೆರಳಿಟ್ಟು ಜಗಳ ಮಾಡುತ್ತಿದ್ದರು. ವಿಡಿಯೊದ ಕಾಲದಲ್ಲಿ ಕೈ ಮುಗಿದ ಗುರುತು ಕಳಿಸುತ್ತಿದ್ದರು. ನನಗೆ ಜಗಳವೇ ಚೆನ್ನಾಗಿತ್ತು.

ನಮ್ಮ ತಪ್ಪುಗಳನ್ನೂ ಬರೆಯಬೇಕು. ಗೋಗಿಯ ಕಡೆ ಒಂದು ಊರಿನಲ್ಲಿ ಎಲ್ಲರ ಮೊಬೈಲ್ ಸ್ಟಾರ್ಟರಿಗೂ ಕಂಪನಿ ಕೊಟ್ಟ ಒಂದೇ ಗುಪ್ತ ಸಂಖ್ಯೆ ಇತ್ತು. ಯಾರು ಯಾರ ಮೋಟಾರನ್ನು ಬೇಕಾದರೂ ಚಾಲೂ ಮಾಡಬಹುದು, ನಿಲ್ಲಿಸಬಹುದು. ಬದುವಿನ ಜಗಳ ಇದ್ದ ಒಬ್ಬ, ಕಲಬುರಗಿಯಲ್ಲಿ ಮದುವೆಯ ಪಂಕ್ತಿಯಲ್ಲಿ ಕೂತು ಪಕ್ಕದ ಹೊಲದವನ ಮೋಟಾರ್ ನಿಲ್ಲಿಸಿದ್ದ. ಉಪಕರಣದ ಗುಪ್ತ ಸಂಖ್ಯೆ ಪ್ರತಿಯೊಬ್ಬರದೂ ಬೇರೆ ಇರಬೇಕು ಎನ್ನುವುದು ನಮ್ಮ ಮಾನದಂಡದ ಮೊದಲ ಪಾಠ. ಮೂರು ದಿನ ಅಲ್ಲಿಯೇ ಇದ್ದು ಎಲ್ಲರ ಸಂಖ್ಯೆಯನ್ನೂ ಬದಲಿಸಿದೆವು. ಊರು ಪೂರ್ತಿ ಬದಲಾಯಿತು ಎಂದು ಹೆಮ್ಮೆಯಿಂದ ವರದಿ ಬರೆದೆ. ತಿಂಗಳ ಮೇಲೆ ಹೋಗಿ ನೋಡಿದರೆ ಪ್ರತಿ ಪಂಪಿನ ಮನೆಯ ಗೋಡೆಯ ಮೇಲೂ ಹೊಸ ಸಂಖ್ಯೆಯನ್ನು ಕೆಂಪು ಬಣ್ಣದಲ್ಲಿ, ಮೊಳದುದ್ದ ಬರೆಸಿದ್ದರು.

"ಗುಪ್ತ ಇಡ್ರಿ ಅಂದಿದ್ನಲ್ಲ" ಎಂದೆ.

"ಇಟ್ಟೀವಲ್ರಿ. ಊರ ಮಂದಿ ಬಿಟ್ಟು ಬ್ಯಾರೆ ಯಾರಿಗೆ ಕಾಣತದ ಇದು?"

ವರದಿಯನ್ನು ತಿದ್ದಲಿಲ್ಲ. ಅದು ಈಗಲೂ ಎಲ್ಲೋ ಕಡತದಲ್ಲಿ ನಮ್ಮ ಯಶಸ್ಸಾಗಿ ಉಳಿದಿರಬೇಕು.

ಈಗ ಲಾಲ್‌ಸಾಬನ ವಿಷಯ. ಇದನ್ನು ನಾನು ತರಬೇತಿಗಳಲ್ಲಿ ಎಷ್ಟೋ ಸಲ ಹೇಳಿದ್ದೇನೆ. ಪ್ರತಿ ಸಲವೂ ಸ್ವಲ್ಪ ಸ್ವಲ್ಪ ನನ್ನ ಕಡೆಗೇ ವಾಲಿಸಿಕೊಂಡಿದ್ದೇನೆ. ಇಲ್ಲಿ ನನ್ನ ಅಂದಿನ ನೋಟ್‌ಬುಕ್ಕನ್ನು ಪಕ್ಕದಲ್ಲಿಟ್ಟುಕೊಂಡು ಬರೆಯುತ್ತಿದ್ದೇನೆ.

ಸುರಪುರದ ಆಚೆ, ಕಾಲುವೆಯ ಬಾಲದಲ್ಲಿರುವ ಒಂದು ಊರು. ಅಲ್ಲಿಯ ಹೊಲಗಾಲುವೆಗೆ ಏಳು ಪಾಲುದಾರರು, ವಾರದ ಒಂದೊಂದು ದಿನ ಒಬ್ಬೊಬ್ಬರ ಪಾಳಿ. ಮಂಗಳವಾರ ಮಲ್ಲಮ್ಮನದು. ಎರಡು ಎಕರೆಯಲ್ಲಿ ಮೆಣಸಿನಕಾಯಿ ಹಾಕಿದ್ದಳು, ತಾನೇ ನೀರು ಕಟ್ಟುತ್ತಿದ್ದಳು. ಬುಧವಾರ ಶಿವಪ್ಪ ಸಾಹುಕಾರರದು. ಅವರು ಇರುವುದು ಸುರಪುರದಲ್ಲಿ, ಬೀಜ-ಗೊಬ್ಬರದ ಅಂಗಡಿ. ಹೊಲವನ್ನು ಆಳುಗಳು ನೋಡಿಕೊಳ್ಳುತ್ತಿದ್ದರು. ಪಾಳಿಯ ಪ್ರಕಾರ ನೀರು ತಿರುಗಿಸುವವನು ಲಾಲ್‌ಸಾಬ್. ಅವನಿಗಿಂತ ಮೊದಲು ಅವನ ಅಪ್ಪ ಅದೇ ಕೆಲಸ ಮಾಡುತ್ತಿದ್ದ. ಐವತ್ತೈದರ ಆಸುಪಾಸಿನ ಮನುಷ್ಯ, ಮಾತು ಕಡಿಮೆ. ಕೈಗೆ ಗಡಿಯಾರ ಕಟ್ಟುತ್ತಿರಲಿಲ್ಲ. ಬೆಳಗಿನ ಜಾವ ಕಾಲುವೆಯ ಮೇಲೆ ನಿಂತು ಅಂಗೈ ನೋಡಿಕೊಳ್ಳುತ್ತಿದ್ದ. ಅಂಗೈಯ ಗೆರೆ ಕಂಡಾಗ ಹೊಸ ದಿನ. ಆಗ ಒಬ್ಬರ ನೀರು ಮುಚ್ಚಿ ಇನ್ನೊಬ್ಬರಿಗೆ ತೆರೆಯುತ್ತಿದ್ದ.

ನಮ್ಮ ಹತ್ತಿರ ಪ್ರಯೋಗಕ್ಕೆಂದು ನೀರು ಅಳೆಯುವ ಎರಡೇ ಡಬ್ಬಿಗಳಿದ್ದವು, ಬೇರೆ ಬೇರೆ ಕಂಪನಿಯವು. ಎರಡೂ ಒಂದೇ ಮಾನದಂಡದಲ್ಲಿ ಮಾತಾಡುತ್ತವೆ, ಫೋನಿನ ಒಂದೇ ತೆರೆಯ ಮೇಲೆ ಕಾಣುತ್ತವೆ ಎಂದು ತೋರಿಸುವುದು ಉದ್ದೇಶ. ಒಂದನ್ನು ಮಲ್ಲಮ್ಮನ ಹೊಲದ ಬಾಯಿಗೆ, ಇನ್ನೊಂದನ್ನು ಶಿವಪ್ಪನವರ ಹೊಲದ ಬಾಯಿಗೆ ಕೂರಿಸಿದೆವು. ಯಾವ ದಿನ ಯಾರಿಗೆ ಎಷ್ಟು ನೀರು ಎಂದು ದಿನಕ್ಕೊಂದು ಸಾಲಿನಂತೆ ಫೋನಿನಲ್ಲಿ ಬರುತ್ತಿತ್ತು. ತಾಸು, ನಿಮಿಷ ಇರಲಿಲ್ಲ, ಆ ದಿನದ ಮೊತ್ತ ಮಾತ್ರ. ಇದು ಯಶಸ್ವಿಯಾದರೆ ಇನ್ನೂ ನಲವತ್ತು ಡಬ್ಬಿ ಬರುವುದಿತ್ತು.

ಮೊದಲ ಹಂಗಾಮು ಏನೂ ತಕರಾರಿಲ್ಲದೆ ನಡೆಯಿತು. ಮಂಗಳವಾರದ ಸಾಲಿನಲ್ಲಿ ಮಲ್ಲಮ್ಮನ ನೀರು, ಬುಧವಾರದ ಸಾಲಿನಲ್ಲಿ ಶಿವಪ್ಪನವರದು. ಬುಧವಾರ ಮಲ್ಲಮ್ಮನ ಹೆಸರಿನಲ್ಲಿ ಚೂರು ನೀರು ಕಾಣುತ್ತಿತ್ತು. ಅದನ್ನು ಯಾರೂ ಎತ್ತಿ ಆಡಲಿಲ್ಲ. ಡಬ್ಬಿ ಲಾಲ್‌ಸಾಬನಿಗೆ ಸಾಕ್ಷಿ ಹೇಳುವಂತೆ ಇತ್ತು. ಏಕೆ ಅಷ್ಟು ಸರಿಯಾಗಿ ಹೊಂದುತ್ತಿತ್ತು ಎಂದು ನಾನು ಕೇಳಿಕೊಳ್ಳಲಿಲ್ಲ. ಸರಿ ಇರುವುದನ್ನು ಯಾರು ಕೇಳುತ್ತಾರೆ?

ಆಗ ಬೆಂಗಳೂರಿನಿಂದ ನಮ್ಮ ಮೇಲಧಿಕಾರಿ ರಂಗನಾಥ್ ಬಂದರು. ಒಳ್ಳೆಯ ಮನುಷ್ಯ. ಮಲ್ಲಮ್ಮನ ಮನೆಯ ಕೆಂಪು ಚಟ್ನಿ ತಿಂದು ಕಣ್ಣಲ್ಲಿ ನೀರು ಸುರಿಸುತ್ತ ಇನ್ನೊಂದು ರೊಟ್ಟಿ ಕೇಳಿದವರು. ಊಟ ಮುಗಿಸಿ ತೆರೆ ನೋಡಿದರು, ಒಳಗಿನ ಸೆಟ್ಟಿಂಗ್ ತೆರೆದು ನಕ್ಕರು.

"ಇದೇನ್ರೀ, ನಿಮ್ಮ ಡಬ್ಬಿಯಲ್ಲಿ ಬೆಳಿಗ್ಗೆ ಐದೂವರೆಗೆ ತಾರೀಖು ಬದಲಾಗುತ್ತೆ. ಲಂಡನ್ ಟೈಮಲ್ಲಿ ಓಡ್ತಾ ಇದೆ."

ನಿಜವೇ. ಜಗತ್ತಿನ ಎಲ್ಲ ಉಪಕರಣಗಳೂ ಸಮಯವನ್ನು ಒಂದೇ ಗಡಿಯಾರದಲ್ಲಿ ಬರೆದಿಡಬೇಕು ಎನ್ನುವುದು ನಿಯಮ. ಆ ಗಡಿಯಾರದಲ್ಲಿ ನಡುರಾತ್ರಿ ಆದಾಗ ನಮ್ಮಲ್ಲಿ ಬೆಳಗಿನ ಐದೂವರೆ. ತೋರಿಸುವಾಗ ಅದನ್ನು ನಮ್ಮ ಸಮಯಕ್ಕೆ ಬದಲಿಸಿಕೊಳ್ಳಬೇಕು. ಆ ಬದಲಾವಣೆ ಮಾಡುವುದನ್ನು ನಾನು ಮರೆತಿದ್ದೆ. ನನಗೆ ನಾಚಿಕೆಯಾಯಿತು. ಊರಿನ ಜನರ ಮುಂದೆ, ಬೆಂಗಳೂರಿನವರ ನಗು. ಆ ದಿನ ಸಂಜೆಯೊಳಗೆ ಸರಿಪಡಿಸಿದೆ. ಇನ್ನು ಮೇಲೆ ದಿನ ರಾತ್ರಿ ಹನ್ನೆರಡಕ್ಕೆ ಬದಲಾಗುತ್ತದೆ. ಸಣ್ಣ ತಿದ್ದುಪಡಿ. ಊರಿನಲ್ಲಿ ಯಾರಿಗೂ ಹೇಳಲಿಲ್ಲ.

ಮೂರು ವಾರದ ಮೇಲೆ ಶಿವಪ್ಪನವರು ಅಂಗಡಿಯಲ್ಲಿ ಕೂತು ಫೋನ್ ನೋಡಿದರು. ಬುಧವಾರ ತಮ್ಮ ಪಾಳಿ. ಆದರೆ ಬುಧವಾರದ ಸಾಲಿನಲ್ಲಿ ಮಲ್ಲಮ್ಮನ ಹೊಲಕ್ಕೆ ಸೇರಿದ ನೀರು, ಚೂರಲ್ಲ, ಆರು ತಾಸಿನಷ್ಟು. ಮೂರು ವಾರವೂ ಹಾಗೆಯೇ.

ಶಿವಪ್ಪನವರು ಊರಿಗೆ ಬಂದು ಚಹಾದ ಅಂಗಡಿಯಲ್ಲಿ, ಹತ್ತು ಜನರ ಎದುರು, ಲಾಲ್‌ಸಾಬ ನೀರು ಕದ್ದು ಮಲ್ಲಮ್ಮನಿಗೆ ಬಿಡುತ್ತಾನೆ ಎಂದರು. ಒಂಟಿ ಹೆಂಗಸು, ನೀರು ಬಿಡುವ ಗಂಡಸು. ಉಳಿದದ್ದನ್ನು ಅಂಗಡಿಯಲ್ಲಿದ್ದವರು ತಾವೇ ಸೇರಿಸಿಕೊಂಡರು. ನೀರು ಬಳಸುವವರ ಸಂಘದವರು ನನ್ನನ್ನು ಕರೆಸಿ ಒಂದೇ ಪ್ರಶ್ನೆ ಕೇಳಿದರು: "ನಿಮ್ಮ ಡಬ್ಬಿ ಸುಳ್ಳ ಹೇಳತದೇನ್ರಿ?"

"ಇಲ್ಲ" ಎಂದೆ. "ಮಷಿನ್ ಸುಳ್ಳ ಹೇಳಾಂಗಿಲ್ಲ."

ಆ ಸಾಲುಗಳನ್ನು ಕಾಗದದ ಮೇಲೆ ತೆಗೆದು, ಕೆಳಗೆ ನನ್ನ ಸಹಿ ಹಾಕಿ ಕೊಟ್ಟೆ. ಅದರ ಬಲದ ಮೇಲೆ ಲಾಲ್‌ಸಾಬನಿಂದ ಗೇಟಿನ ಕೆಲಸ ಬಿಡಿಸಿದರು. ಮುಂದಿನ ಭಾನುವಾರ ಸಭೆ ಸೇರಿ, ಅವನನ್ನು ಪೂರ್ತಿ ತೆಗೆದು ಬೇರೆಯವರನ್ನು ಇಡುವುದನ್ನು ತೀರ್ಮಾನಿಸುವುದಿತ್ತು.

ಗುರುವಾರ ಮಧ್ಯಾಹ್ನ ನಾನು ಲಾಲ್‌ಸಾಬನ ಮನೆಗೆ ಹೋದೆ. ಏಕೆ ಹೋದೆ? ತರಬೇತಿಗಳಲ್ಲಿ "ನನಗೆ ಅನುಮಾನ ಬಂದಿತ್ತು" ಎನ್ನುತ್ತಿದ್ದೆ. ನೋಟ್‌ಬುಕ್ಕಿನಲ್ಲಿ ಬೇರೆ ಇದೆ: ಹಳೆಯ ಕೈಬರಹದ ಪಾಳಿ ಪಟ್ಟಿ ಅವನ ಹತ್ತಿರ ಉಳಿದಿದೆ, ಇಸಿದುಕೊಳ್ಳಬೇಕು. ಅಷ್ಟೇ. ಪಟ್ಟಿ ತರಲು ಹೋಗಿದ್ದೆ.

ಅವನು ಹೊರಗೆ ಕಟ್ಟೆಯ ಮೇಲೆ ಕೂತಿದ್ದ. ಒಳಗೆ ಅವನ ಹೆಂಡತಿ ಖಾಜಾಬಿ ನೆಲ ಸಾರಿಸಿ, ಲೋಬಾನದ ಧೂಪದ ತಟ್ಟೆಗೆ ಕೆಂಡ ಹೊಂದಿಸುತ್ತಿದ್ದಳು. ಏನು ವಿಶೇಷ ಎಂದು ಕೇಳಿದೆ.

"ಸಂಜಿಗೆ ಜುಮ್ಮಾ ಚಾಲೂ ಆಗ್ತದಲ್ರಿ ಅಕ್ಕಾರ" ಎಂದಳು.

"ಇವತ್ತ ಗುರುವಾರ. ಜುಮ್ಮಾ ಅಂದ್ರ ಶುಕ್ರವಾರ, ನಾಳಿಗಲ್ಲೇನು?"

ಖಾಜಾಬಿ ನಕ್ಕಳು. ಉತ್ತರ ಲಾಲ್‌ಸಾಬ ಕೊಟ್ಟ, ನನ್ನ ಮುಖ ನೋಡದೆ.

"ನಮ್ಮ ಮನ್ಯಾಗ ದಿನ ಹೊತ್ತು ಮುಳುಗಿದ ಕೂಡ್ಲೆ ಬದಲಾಗ್ತದ್ರಿ. ಕಾಲುವಿ ಮ್ಯಾಗ ಬೆಳಕು ಹರಿದ ಮ್ಯಾಗ. ಕ್ಯಾಲೆಂಡರಿನ್ಯಾಗ ನಡುರಾತ್ರಿಗಿ. ನಮ್ಮಪ್ಪ ಹೇಳ್ತಿದ್ದ, ಮನಿ ದಿನ ತೊಗೊಂಡು ಕಾಲುವಿಗೆ ಹೋಗಬ್ಯಾಡ ಅಂತ."

"ಅಂದ್ರ ಮಲ್ಲಮ್ಮನ ಮಂಗಳವಾರ?"

"ಬುಧವಾರ ಬೆಳಕು ಹರಿಯೂತನಕ ಮಂಗಳವಾರನೇ. ಇದು ಕೂಸಿಗೂ ಗೊತ್ತದ."

ನಾನು ಕೂತ ಕಡೆಯಿಂದ ಏಳಲಿಲ್ಲ. ಆ ಆರು ತಾಸು. ರಾತ್ರಿ ಹನ್ನೆರಡರಿಂದ ಬೆಳಗಿನವರೆಗೆ ಮಲ್ಲಮ್ಮನ ಹೊಲಕ್ಕೆ ಹರಿದದ್ದು ಅವಳದೇ ಮಂಗಳವಾರದ ನೀರು. ನನ್ನ ಸಣ್ಣ ತಿದ್ದುಪಡಿ ಅದನ್ನು ಎತ್ತಿ ಬುಧವಾರದ ಸಾಲಿಗೆ ಹಾಕಿತ್ತು. ಮೊದಲ ಹಂಗಾಮಿನಲ್ಲಿ ನನ್ನ ಮರೆವಿನಿಂದ ಲೆಕ್ಕ ಸರಿಯಿತ್ತು. ಯಾವುದೋ ದೇಶದ ನಡುರಾತ್ರಿಯೂ ಇವನ ಅಂಗೈಯ ಗೆರೆಯೂ ಹೆಚ್ಚುಕಡಿಮೆ ಒಂದೇ ಹೊತ್ತಿಗೆ ಬೀಳುತ್ತಿದ್ದವು.

ಆ ಕ್ಷಣದಲ್ಲೇ ಅವನಿಗೆ ಹೇಳಬಹುದಿತ್ತು. ಹೇಳಲಿಲ್ಲ. ಚಹಾ ಕುಡಿದು, ಪಟ್ಟಿ ಇಸಿದುಕೊಂಡು ಬಂದೆ.

ಬಸ್ ನಿಲ್ದಾಣದಿಂದ ರಂಗನಾಥರಿಗೆ ಫೋನ್ ಮಾಡಿದೆ. ಅವರು, "ತಾಂತ್ರಿಕ ದೋಷ ಅಂತ ಹೇಳಿಬಿಡಿ. ದೋಷ ಸರಿಪಡಿಸಿದ್ದೇವೆ ಅಂತ. ನಿಮ್ಮ ಹೆಸರು ಯಾಕೆ ಬೇಕು? ನಲವತ್ತು ಡಬ್ಬಿ ನಿಂತುಹೋಗುತ್ತೆ" ಎಂದರು. ಕೆಟ್ಟ ಮನಸ್ಸಿನಿಂದ ಹೇಳಿದ್ದಲ್ಲ. ನನ್ನನ್ನು ಕಾಪಾಡಲು ಹೇಳಿದ್ದು.

ಭಾನುವಾರದ ಸಭೆ. ತರಬೇತಿಯಲ್ಲಿ ನಾನು ಹೇಳುತ್ತಿದ್ದದ್ದು ಹೀಗೆ: ಎದ್ದು ನಿಂತೆ, ತಪ್ಪು ನನ್ನದು ಎಂದೆ, ಎಲ್ಲರೂ ಮೌನವಾದರು. ಕೇಳಿದವರು ಚಪ್ಪಾಳೆ ತಟ್ಟುತ್ತಿದ್ದರು.

ನಡೆದದ್ದು ಇದು. ಶಾಲೆಯ ಪಡಸಾಲೆಯಲ್ಲಿ ಜಮಖಾನೆ ಹಾಸಿತ್ತು. ಒಂದು ಕಡೆ ಶಿವಪ್ಪನವರು ಮತ್ತು ಉಳಿದ ಪಾಲುದಾರರು, ಕಂಬದ ಹತ್ತಿರ ಮಲ್ಲಮ್ಮ, ಮೆಟ್ಟಿಲ ಮೇಲೆ ಲಾಲ್‌ಸಾಬ್. ನಾನು ಕೂತಲ್ಲಿಂದಲೇ, "ಮಷಿನ್‌ನ್ಯಾಗ ಒಂದು ದೋಷ ಆಗಿತ್ತು. ಈಗ ಸರಿ ಮಾಡೀವಿ" ಎಂದೆ.

"ದೋಷ ಅಂದ್ರ ಮುಗೀತಲ್ಲ" ಎಂದರು ಸಂಘದ ಹಿರಿಯರು. "ಲಾಲ್‌ಸಾಬನ್ನ ಮತ್ತ ಇಡೂಣು."

ಅಲ್ಲಿಗೆ ಮುಗಿಯಬಹುದಿತ್ತು. ಮಲ್ಲಮ್ಮ ಬಿಡಲಿಲ್ಲ.

"ತಡೀರಿ. ಅಕ್ಕಾರ, ಹೋದ ವಾರ ಇಲ್ಲೇ ಕುಂತು ಮಷಿನ್ ಸುಳ್ಳ ಹೇಳಾಂಗಿಲ್ಲ ಅಂದ್ರಿ. ಸಹಿ ಮಾಡಿದ್ರಿ. ಇವತ್ತ ದೋಷ ಅಂತೀರಿ. ನಾಳಿ ಇವ್ರು ದೋಷ ಹೋಗ್ಯಾದ, ಕಳ್ಳರು ಉಳದಾರ ಅಂತಾರ. ಏನ್ ದೋಷ? ಯಾರ್ ಮಾಡಿದ್ದು?"

"ಅದು ತಾಂತ್ರಿಕ..."

"ನಂಗ ತಿಳಿಯೂವಂಗ ಹೇಳ್ರಿ. ನಾ ಮೆಣಸಿನಕಾಯಿ ಬೆಳಿಯಾಕಿ."

ಆಗ ಹೇಳಿದೆ. ಧೈರ್ಯ ಬಂದು ಹೇಳಿದ್ದಲ್ಲ. ಅವಳು ಒಂದೇ ಸಮನೆ ನೋಡುತ್ತಿದ್ದಳು, ಬೇರೆ ದಾರಿ ಇರಲಿಲ್ಲ. ಡಬ್ಬಿಯಲ್ಲಿ ದೋಷ ಇರಲಿಲ್ಲ, ದಿನ ಯಾವಾಗ ಬದಲಾಗಬೇಕು ಎನ್ನುವುದನ್ನು ನಾನು ಯಾರನ್ನೂ ಕೇಳದೆ ಬದಲಿಸಿದೆ, ನಿಮ್ಮ ದಿನ ಬೆಳಕಿನಿಂದ ಬೆಳಕಿಗೆ ಎಂಬುದು ನನಗೆ ಹೊಳೆಯಲೇ ಇಲ್ಲ, ಶಹಾಪುರದವಳಾಗಿಯೂ. ನೋಟ್‌ಬುಕ್ಕಿನಲ್ಲಿ ಆ ದಿನದ ಪುಟದಲ್ಲಿ ಎರಡೇ ವಾಕ್ಯ: ಮೊದಲು ದೋಷ ಎಂದೆ. ಮಲ್ಲಮ್ಮ ಬಿಡಲಿಲ್ಲ.

ಶಿವಪ್ಪನವರಿಗೆ ನಂಬಿಕೆ ಬರಲಿಲ್ಲ. ನಾನು ಅವರದೇ ಫೋನ್ ಇಸಿದುಕೊಂಡು ಅವರದೇ ಸಾಲುಗಳನ್ನು ತೆರೆದೆ.

"ಇಲ್ಲಿ ನೋಡ್ರಿ ಸಾವ್ಕಾರ್ರ. ಗುರುವಾರದ ಸಾಲಿನ್ಯಾಗ ನಿಮ್ಮ ಹೊಲಕ್ಕೂ ಆರು ತಾಸಿನ ನೀರು ಬಂದದ. ಗುರುವಾರ ಯಾರ ಪಾಳಿ?"

ಗುರುವಾರದ ಪಾಲುದಾರನ ಹೊಲದಲ್ಲಿ ಡಬ್ಬಿ ಇರಲಿಲ್ಲ, ಅವನ ಹತ್ತಿರ ಅಂಥ ಫೋನೂ ಇರಲಿಲ್ಲ. ಅವನು ಗೋಡೆಗೆ ಒರಗಿ ಕೂತಿದ್ದವನು ಎದ್ದು ನೆಟ್ಟಗೆ ಕೂತ.

"ಅಂದ್ರ ಸಾವ್ಕಾರ್ರು ನನ್ನ ನೀರು ಕದ್ದಾರೇನ್ರಿ?"

"ಕದ್ದಿಲ್ಲಪ್ಪ. ಅದು ಅವ್ರದೇ ಬುಧವಾರ."

"ಹಂಗಾರ ಮೂರು ವಾರ ನಾನೂ ಅವ್ರಿಗೆ ಕಳ್ಳ ಅಂದು ನೋಡಬಹುದಿತ್ತು" ಎಂದ. ಪಡಸಾಲೆ ನಕ್ಕಿತು. ಶಿವಪ್ಪನವರು ನಗಲಿಲ್ಲ. ಲಾಲ್‌ಸಾಬನೂ ನಗಲಿಲ್ಲ.

ಕಥೆಯನ್ನು ಇಲ್ಲಿಗೆ ಮುಗಿಸುವುದು ಸುಲಭ. ಎಷ್ಟೋ ಸಲ ಇಲ್ಲಿಗೇ ಮುಗಿಸಿದ್ದೇನೆ. ಆದರೆ ಅಂದು ಅದು ಮುಗಿಯಲಿಲ್ಲ. ಇನ್ನು ಮುಂದೆ ಗೊಂದಲ ಬೇಡವೆಂದು ನಾನು ಅಲ್ಲಿಯೇ ದಿನದ ಆರಂಭವನ್ನು ಬೆಳಗಿನ ಆರಕ್ಕೆ ಇಟ್ಟು, ಮೊತ್ತದ ಜೊತೆ ತಾಸು ನಿಮಿಷವೂ ಕಾಣುವ ಹಾಗೆ ಮಾಡಿ ತೋರಿಸಿದೆ. ಶಿವಪ್ಪನವರು ಕನ್ನಡಕ ಏರಿಸಿ ನೋಡಿದರು.

"ಇಲ್ಲಿ ನೋಡ್ರಿ. ಆರು ಹೊಡದ ಮ್ಯಾಲೂ ಅಕಿ ಹೊಲಕ್ಕ ನೀರು ಹರದದ. ಪ್ರತಿ ವಾರ. ಅರ್ಧ ತಾಸಿನ ಮ್ಯಾಲ. ಇದು ಯಾರ ದಿನ? ಇದಕ್ಕೇನ್ ಅಂತೀರಿ?"

ಸಭೆ ಮತ್ತೆ ಗುಜುಗುಜು ಎಂದಿತು. ಹಿರಿಯರು ತೀರ್ಮಾನವನ್ನು ಇನ್ನೊಂದು ವಾರ ಮುಂದಕ್ಕೆ ಹಾಕುವ ಮಾತಾಡಿದರು. ಲಾಲ್‌ಸಾಬ ಆಗ ಮೊದಲ ಸಲ ಬಾಯಿ ತೆರೆದ.

"ಸಾವ್ಕಾರ್ರ, ಬುಧವಾರ ಮುಂಜಾನಿ ನೀವ ಬರ್ರಿ. ಮೇಡಮ್ರೂ ಬರ್ಲಿ. ನೀರಿನ ಸಂಗಾಟ ನಡದು ಹೋಗೂಣು. ಆಮ್ಯಾಲ ಕಳ್ಳ ಅನ್ರಿ, ನಾ ಬ್ಯಾಡ ಅನ್ನಂಗಿಲ್ಲ."

ಬುಧವಾರ ಹೋದೆವು. ನನ್ನ ನೆನಪಿನಲ್ಲಿ ಅದು ಬೆಚ್ಚಗಿನ ಬೆಳಗು. ಅಂದು ತೆಗೆದ ಫೋಟೊದಲ್ಲಿ ಶಿವಪ್ಪನವರು ಕಿವಿಗೆ ಮಫ್ಲರ್ ಸುತ್ತಿದ್ದಾರೆ. ಫೋಟೊ ಹೇಳುವುದೇ ಇರಲಿ. ಕಾಲುವೆ ಕವಲೊಡೆಯುವ ಕಡೆ ನಿಂತೆವು. ಎಡಗಡೆಯ ಕವಲು ಮಲ್ಲಮ್ಮನ ಹೊಲಕ್ಕೆ, ಬಲಗಡೆಯದು ಶಿವಪ್ಪನವರ ಹೊಲಕ್ಕೆ. ಹಿರಿಯರು ಆ ಒಂದು ಬೆಳಗಿನ ಮಟ್ಟಿಗೆ ಲಾಲ್‌ಸಾಬನಿಗೆ ಕೆಲಸ ಬಿಟ್ಟುಕೊಟ್ಟಿದ್ದರು. ಅವನು ಅಂಗೈ ಎತ್ತಿ ನೋಡಿಕೊಂಡ. ಶಿವಪ್ಪನವರು ಫೋನ್ ನೋಡಿಕೊಂಡರು. "ಆರು" ಎಂದರು. ಲಾಲ್‌ಸಾಬ ಎಡಗಡೆಯ ಹಲಗೆ ಇಳಿಸಿ ಬಲಗಡೆಯದನ್ನು ಎತ್ತಿದ.

"ನಡೀರಿ" ಎಂದ.

ನೀರಿನ ಮುಂದಲೆ ನಮ್ಮ ಪಕ್ಕದಲ್ಲೇ ಹೊರಟಿತು. ಕಸಕಡ್ಡಿ, ನೊರೆ, ಒಣ ಎಲೆಗಳನ್ನು ನೂಕಿಕೊಂಡು ಹೋಗುವುದು, ಇಲಿಯ ಬಿಲ ಸಿಕ್ಕರೆ ನಿಂತು ಅದನ್ನು ತುಂಬುವುದು, ನೆಲದ ಬಿರುಕು ಕುಡಿದಷ್ಟು ಕುಡಿಸಿ ಮುಂದೆ ಸರಿಯುವುದು. ಅಷ್ಟು ನಿಧಾನವಾಗಿ ನಡೆಯುವುದು ಶಿವಪ್ಪನವರಿಗೆ ಅಭ್ಯಾಸವಿರಲಿಲ್ಲ. ಎರಡು ಸಲ ಮುಂದೆ ಹೋಗಿ, ನೀರು ಬಾರದೆ ಹಿಂದೆ ಬಂದರು. ಚಪ್ಪಲಿ ಕೈಗೆ ತೆಗೆದುಕೊಂಡರು.

"ಎಷ್ಟ ವರ್ಷ ಆದ್ವು ಸಾವ್ಕಾರ್ರ, ಈ ದಾರಿ ತುಳದು?"

"ಅಪ್ಪ ಇದ್ದಾಗ ಬರ್ತಿದ್ದೆ" ಎಂದರು. ನಡುದಾರಿಯಲ್ಲಿ ಫೋನ್ ತೆಗೆದು ನೋಡಿ ನಿಂತರು. "ಲಾಲ್‌ಸಾಬ್, ಅಕಿ ಕಡಿ ಇನ್ನಾ ಹರ್ಯಾಕತ್ತದ ನೋಡು."

"ಹರಿತದ್ರಿ. ಹಲಗಿ ಹಾಕೂದ್ರಾಗ ಕಾಲುವ್ಯಾಗ ಇದ್ದ ನೀರು ಅದು. ತಿರುಗಿ ಬರ್ತದೇನು? ನಿಮ್ಮ ನೀರೂ ಇನ್ನಾ ಮುಟ್ಟಿಲ್ಲ. ನಾಳಿ ನಾ ಹಲಗಿ ಇಳಿಸಿದ ಮ್ಯಾಲ ನಿಮಗೂ ಇಷ್ಟ ಹೆಚ್ಚಿಗಿ ಬರ್ತದ. ದಾರ್ಯಾಗ ಇರೂ ನೀರು ಯಾರ ಹೆಸರಿಗೂ ಇಲ್ರಿ."

ಶಿವಪ್ಪನವರು ಮತ್ತೆ ನೀರಿನ ಸಂಗಡ ಹೊರಟರು. ಸ್ವಲ್ಪ ದೂರ ನಡೆದ ಮೇಲೆ, ಯಾರನ್ನೂ ನೋಡದೆ, "ಗೊತ್ತಿಲ್ಲದ ಮಾತೇನಲ್ಲ. ಅಂಗಡ್ಯಾಗ ಕುಂತು ಮರ್ತೆ" ಎಂದರು.

ನನ್ನ ಮಾನದಂಡದಲ್ಲಿ ಪ್ರತಿ ಹನಿಗೂ ಒಂದು ವಿಳಾಸ ಇತ್ತು, ಒಂದು ಹೊತ್ತು ಇತ್ತು, ಒಬ್ಬ ಒಡೆಯ ಇದ್ದ. ದಾರಿಯಲ್ಲಿರುವ ನೀರಿಗೆ ಮಾತ್ರ ಜಾಗ ಮಾಡಿರಲಿಲ್ಲ. ಆ ಮೇಲಿನ ವಾರ ತೆರೆಯ ಮೇಲೆ ಅದಕ್ಕೆಂದೇ ಒಂದು ಸಾಲು ಸೇರಿಸಿದೆ, ಹೆಸರಿನ ಜಾಗ ಖಾಲಿ ಬಿಟ್ಟು. ರಂಗನಾಥ್ ಇದೇನು ಎಂದು ಕೇಳಿದರು. ಬಂದು ನಡೆದು ನೋಡಿ ಎಂದೆ. ಬರಲಿಲ್ಲ, ಆದರೆ ಸಾಲನ್ನು ತೆಗೆಸಲೂ ಇಲ್ಲ. ನಲವತ್ತು ಡಬ್ಬಿಗಳಲ್ಲಿ ಕೊನೆಗೆ ಬಂದದ್ದು ಹನ್ನೊಂದು.

ನೀರು ಶಿವಪ್ಪನವರ ಹೊಲದ ಬಾಯಿಗೆ ಮುಟ್ಟಿದಾಗ ಆರೂ ಮೂವತ್ತೆಂಟು. ಅದೇ ಕ್ಷಣದಲ್ಲಿ ಮಲ್ಲಮ್ಮನ ಕಡೆಯದು ನಿಂತಿತು ಎಂದು ಬರೆಯಲು ಕೈ ತುಡಿಯುತ್ತದೆ. ಹಾಗಾಗಲಿಲ್ಲ. ಅವಳದು ಐದಾರು ನಿಮಿಷ ಮೊದಲೇ ನಿಂತಿತ್ತು. ಅವಳ ಕವಲು ಮರಳು ನೆಲದ್ದು, ನೀರು ಕುಡಿಯುತ್ತದೆ. ಶಿವಪ್ಪನವರು ಫೋನಿನಲ್ಲಿ ಆ ಸೊನ್ನೆಯನ್ನು ನೋಡಿದರು, ತಮ್ಮ ಹೊಲದೊಳಗೆ ಇಳಿಯುತ್ತಿದ್ದ ನೀರನ್ನು ನೋಡಿದರು. ಫೋನನ್ನು ಜೇಬಿಗೆ ಹಾಕಿದರು.

"ನಾಳಿ ಮುಂಜಾನಿ ನನ್ನ ನೀರು ತಿರುಗಸಾಕ ನೀನ ಬಾ, ಲಾಲ್‌ಸಾಬ್. ಬ್ಯಾರೆ ಯಾರೂ ಬ್ಯಾಡ" ಎಂದರು. ಆಮೇಲೆ, "ಚಾ ಅಂಗಡ್ಯಾಗ ನಾನ ಹೇಳ್ತೀನಿ. ಇವತ್ತ" ಎಂದರು.

ಲಾಲ್‌ಸಾಬ ಪ್ಯಾಂಟನ್ನು ಮೊಣಕಾಲಿನವರೆಗೆ ಮಡಚಿ ನೀರಿಗಿಳಿದ. ಹರಿದು ಬಂದ ಕಸವೆಲ್ಲ ನಮ್ಮ ಡಬ್ಬಿಯ ಬಾಯಿಗೆ ಸಿಕ್ಕಿಕೊಂಡಿತ್ತು. ಬಗ್ಗಿ, ಒದ್ದೆ ಹುಲ್ಲನ್ನು ಎಳೆ ಎಳೆಯಾಗಿ ಬಿಡಿಸಿ ದಂಡೆಗೆ ಹಾಕಿದ.

"ಇದನ್ನ ದಿನಾ ತಗೀಬೇಕ್ರಿ ಮೇಡಮ್ರ" ಎಂದ. "ಇಲ್ಲಂದ್ರ ಅಳತಿ ತಪ್ಪತದ."